ಕಾಣುವ ಹಾವು, ಕಡಿಯುವ ಹಾವು

ಮಲೆನಾಡಿನಲ್ಲಿ ಹಾವಿನ ಮಾತು ತೆಗೆದರೆ ಅದು ಕಾಳಿಂಗನ ಹತ್ತಿರ ಹೋಗಿ ನಿಲ್ಲುತ್ತದೆ. ಯಾರ ಮನೆ ಹಿತ್ತಲಿಗೆ ಬಂದಿತ್ತು, ಎಷ್ಟು ಅಡಿ ಇತ್ತು, ಯಾರು ಹಿಡಿದರು, ಎಲ್ಲಿ ಕೊಂಡೊಯ್ದು ಬಿಟ್ಟರು. ಇಲ್ಲಿ ಕೂತವರ ಫೋನುಗಳಲ್ಲೂ ಅಂಥ ವೀಡಿಯೊ ಇದ್ದೇ ಇರುತ್ತದೆ. ನಾನೂ ಕಾಳಿಂಗನಿಂದಲೇ ಶುರುಮಾಡುತ್ತೇನೆ, ಆದರೆ ಅಲ್ಲಿಗೇ ಮುಗಿಸುವುದಿಲ್ಲ. ನಮ್ಮ ಊರುಗಳಲ್ಲಿ ಜನರನ್ನು ಆಸ್ಪತ್ರೆ ಸೇರಿಸುವ ಹಾವುಗಳು ಬೇರೆಯೇ ಇವೆ. ಅವನ್ನು ನೋಡಲು ಯಾರೂ ಗುಂಪು ಸೇರುವುದಿಲ್ಲ. ನಮ್ಮ ಕಣ್ಣು ದೊಡ್ಡ ಹಾವಿನ ಮೇಲೆ, ಕಾಲು ಸಣ್ಣ ಹಾವಿನ ಮೇಲೆ. ಇವತ್ತು ನಾನು ಹೇಳಬೇಕೆಂದು ಬಂದಿರುವುದು ಇದನ್ನೇ.

ಪ್ರಪಂಚದ ವಿಷದ ಹಾವುಗಳಲ್ಲಿ ಕಾಳಿಂಗನಷ್ಟು ಉದ್ದ ಬೆಳೆಯುವುದು ಇನ್ನೊಂದಿಲ್ಲ. ನಮ್ಮ ಪಶ್ಚಿಮಘಟ್ಟದಿಂದ ಹಿಡಿದು ಫಿಲಿಪ್ಪೀನ್ಸ್ ದ್ವೀಪಗಳವರೆಗೆ ಇರುವುದೆಲ್ಲ ಒಂದೇ ಜಾತಿಯ ಕಾಳಿಂಗ ಎಂದು ಬಹಳ ಕಾಲ ತಿಳಿದಿದ್ದರು. 2024ರಲ್ಲಿ ಹಾವುಗಳ ಸಂಶೋಧಕ ಪಿ. ಗೌರಿಶಂಕರ್ ಮತ್ತು ಸಂಗಡಿಗರು ಇದು ಒಂದಲ್ಲ, ನಾಲ್ಕು ಪ್ರಭೇದ ಎಂದು ತೋರಿಸಿದರು. ಪಶ್ಚಿಮಘಟ್ಟದ್ದಕ್ಕೆ ವಿಜ್ಞಾನದ ಹೆಸರಿನಲ್ಲೂ 'ಕಾಳಿಂಗ' ಎಂದೇ ಸೇರಿಸಿದ್ದಾರೆ: ಒಫಿಯೋಫೇಗಸ್ ಕಾಳಿಂಗ. ದೊಡ್ಡ ಹಾವಿನ ಮೈಮೇಲಿನ ತಿಳಿ ಪಟ್ಟೆಗಳನ್ನು ಎಣಿಸಿದರೆ ನಮ್ಮದಕ್ಕೆ 40 ದಾಟುವುದಿಲ್ಲ. ಉತ್ತರ ಭಾರತದ ಕಾಳಿಂಗಕ್ಕೆ 50ರಿಂದ 70 ಇರುತ್ತವೆ. ಹೆಸರು ಬದಲಾದರೆ ನಮಗೇನು ಎಂದು ನೀವು ಕೇಳಬಹುದು. ಮೊದಲು ಅರ್ಧ ಏಷ್ಯಾದಲ್ಲಿ ಹರಡಿದ್ದ ಹಾವು ಅಂದುಕೊಂಡಿದ್ದೆವು. ಈಗ ನೋಡಿದರೆ ನಮ್ಮ ಹಿತ್ತಲಲ್ಲಿ ಓಡಾಡುವ ಈ ಹಾವು ಈ ಘಟ್ಟದ ಸಾಲು ಬಿಟ್ಟರೆ ಭೂಮಿಯ ಮೇಲೆ ಇನ್ನೆಲ್ಲೂ ಇಲ್ಲ. ಇಲ್ಲಿ ಹೋದರೆ ಹೋಯಿತು.

ಅದರ ಊಟ ಹಾವು. ಇಲಿಗಾಗಿ ಅದು ಮನೆಗೆ ಬರುವುದಿಲ್ಲ, ಇಲಿಗಾಗಿ ಬಂದ ಕೇರೆಯನ್ನು ಹುಡುಕಿಕೊಂಡು ಬರುತ್ತದೆ. ಕೇರೆ ಯಾಕೆ ಬರುತ್ತದೆ? ಭತ್ತ ಇದೆ, ತೌಡು ಇದೆ, ಕೋಳಿಗೆ ಚೆಲ್ಲಿದ ನುಚ್ಚು ಇದೆ, ಅದಕ್ಕೆ ಇಲಿ ಬಂದಿದೆ. ಅಂದರೆ ಕಾಳಿಂಗ ನಿಮ್ಮ ಅಟ್ಟ ಹತ್ತಿ ಕೂತಿದ್ದರೆ ಅದರ ದಾರಿಯನ್ನು ನಿಮ್ಮ ಕಣಜದಿಂದ ಹಿಡಿದು ಲೆಕ್ಕ ಹಾಕಬೇಕು. ನಾಗರಹಾವನ್ನೂ ಅದು ತಿನ್ನುತ್ತದೆ, ಮಂಡಲದ ಹಾವುಗಳನ್ನೂ ತಿನ್ನುತ್ತದೆ.

ಫೆಬ್ರವರಿ ಕೊನೆಯಿಂದ ಏಪ್ರಿಲ್‌ವರೆಗೆ ಅದರ ಜೋಡಿಗೂಡುವ ಕಾಲ. ಹೆಣ್ಣಿನ ವಾಸನೆಯ ಜಾಡು ಹಿಡಿದು ಗಂಡುಗಳು ಮೈಲಿಗಟ್ಟಲೆ ಬರುತ್ತವೆ. ಎರಡು ಗಂಡು ಎದುರಾದರೆ ಅರ್ಧ ಮೈ ಎತ್ತಿ ಒಂದರ ಕುತ್ತಿಗೆಯನ್ನು ಇನ್ನೊಂದು ನೆಲಕ್ಕೆ ಒತ್ತಲು ನೋಡುತ್ತವೆ. ಗಂಟೆಗಟ್ಟಲೆ ಕುಸ್ತಿ ನಡೆದರೂ ಕಚ್ಚುವುದಿಲ್ಲ. ಬೇಸಿಗೆಯಲ್ಲಿ 'ಈ ವರ್ಷ ಕಾಳಿಂಗ ಜಾಸ್ತಿಯಾಗಿದೆ' ಎನ್ನುತ್ತೀರಲ್ಲ, ಬಹುಪಾಲು ಅದು ಈ ಓಡಾಟ. ಹಾವಿನ ಸಂಖ್ಯೆ ಹೆಚ್ಚಾಗಿಲ್ಲ, ಹಗಲಲ್ಲಿ ನಮ್ಮ ಕಣ್ಣಿಗೆ ಬೀಳುವುದು ಹೆಚ್ಚಾಗಿದೆ. ಆ ಹೊತ್ತಿನಲ್ಲಿ ಮನೆ ಹತ್ತಿರ ಇದ್ದ ಹೆಣ್ಣನ್ನು ಹಿಡಿಸಿ ಕಳಿಸಿದಿರಿ ಅಂದುಕೊಳ್ಳಿ. ಅದು ಬಿಟ್ಟುಹೋದ ವಾಸನೆ ಅಂಗಳದಲ್ಲೇ ಇರುತ್ತದೆ. ಮರುದಿನ ಗಂಡು ಬರುತ್ತದೆ. 'ಜೋಡಿ ಕಳೆದುಕೊಂಡು ಸೇಡಿಗೆ ಬಂತು' ಎಂದು ಊರೆಲ್ಲ ಸುದ್ದಿಯಾಗುತ್ತದೆ. ಅದಕ್ಕೆ ಸೇಡಿನ ನೆನಪಿಲ್ಲ, ನಾಲಗೆಗೆ ಸಿಕ್ಕ ವಾಸನೆ ಇದೆ, ಅಷ್ಟೇ.

ಇನ್ನು ಗೂಡಿನ ವಿಷಯ. ಇದನ್ನು ಹೇಳುವಾಗ ನನಗೆ ಪ್ರತಿ ಸಲವೂ ಮೈ ಪುಳಕವಾಗುತ್ತದೆ, ಸ್ವಲ್ಪ ನಿಧಾನವಾಗಿಯೇ ಹೇಳುತ್ತೇನೆ. ಹಾವಿಗೆ ಕೈಯಿಲ್ಲ, ಕಾಲಿಲ್ಲ. ಆದರೂ ಕಾಳಿಂಗನ ಹೆಣ್ಣು ಏಪ್ರಿಲ್ ಆಸುಪಾಸಿನಲ್ಲಿ ಮೈಯ ಸುರುಳಿಯಿಂದಲೇ ಒಣಗಿದ ಎಲೆಗಳನ್ನು ಎಳೆದು, ಒಟ್ಟಿ, ಅದುಮಿ ಗುಡ್ಡೆ ಮಾಡುತ್ತದೆ. ಬಿದಿರ ಹಿಂಡಲಿನ ಬುಡ ಅದಕ್ಕೆ ಇಷ್ಟವಾದ ಜಾಗಗಳಲ್ಲಿ ಒಂದು. ಹಾವುಗಳಲ್ಲಿ ಹೀಗೆ ಎಲೆ ಒಟ್ಟಿ ಗೂಡು ಕಟ್ಟುವುದು ಕಾಳಿಂಗ ಮಾತ್ರ. ಒಳಗೆ 20ರಿಂದ 40ರವರೆಗೆ ಮೊಟ್ಟೆ. ತಾಯಿ ಮೇಲೆ ಸುತ್ತಿಕೊಂಡೋ ಹತ್ತಿರವೇ ಇದ್ದುಕೊಂಡೋ ವಾರಗಟ್ಟಲೆ ಕಾಯುತ್ತದೆ. ಅಷ್ಟರಲ್ಲಿ ಮಳೆಗಾಲ ಹಿಡಿಯುತ್ತದೆ. ಆಗುಂಬೆಯಲ್ಲಿ ವರ್ಷಕ್ಕೆ 7,000 ಮಿಲಿಮೀಟರ್ ಆಸುಪಾಸು ಮಳೆ ಬೀಳುತ್ತದೆ. ಅಂಥ ಮಳೆ ಸುರಿಯುವಾಗಲೂ ಎಲೆಯ ಪದರಗಳು ಮೇಲಿನ ನೀರನ್ನು ಇಳಿಸಿಬಿಡುತ್ತವೆ, ಒಳಗೆ ಮೊಟ್ಟೆ ಬೆಚ್ಚಗಿರುತ್ತದೆ. ಮರಿ ಒಡೆಯುವ ಮೊದಲೇ ತಾಯಿ ಗೂಡು ಬಿಟ್ಟು ಹೋಗುತ್ತದೆ. ಹಾವು ತಿನ್ನುವ ಹಾವಿಗೆ ತನ್ನ ಮರಿಯೂ ಹಾವೇ ತಾನೆ, ಅದಕ್ಕೇ ಹೋಗುತ್ತದೆ ಎಂದು ಹೇಳುವವರಿದ್ದಾರೆ. ಕಾರಣ ಏನೇ ಇರಲಿ, ಮೂರು ತಿಂಗಳ ಹತ್ತಿರ ಹತ್ತಿರ ಆದಮೇಲೆ ಕಪ್ಪು ಮೈಗೆ ಬಿಳಿ ಪಟ್ಟೆಯ ಮರಿಗಳು ಒಂದೊಂದಾಗಿ ಹೊರಬರುತ್ತವೆ. ಹುಟ್ಟುವಾಗಲೇ ವಿಷ ಇರುತ್ತದೆ.

ತೋಟಕ್ಕೆ ದರಗು ಗುಡಿಸಲು ಸೊಪ್ಪಿನ ಬೆಟ್ಟಕ್ಕೆ ಹೋಗುವವರು ಇಲ್ಲಿದ್ದೀರಿ. ಬೇಸಿಗೆ ಕೊನೆಯಲ್ಲಿ ಬಿದಿರ ಬುಡದಲ್ಲಿ ಮೊಣಕಾಲೆತ್ತರದ ಎಲೆ ಗುಡ್ಡೆ, ಯಾರೂ ಒಟ್ಟದೆ ತಾನೇ ಒಟ್ಟಿಕೊಂಡ ಹಾಗೆ ಕಂಡರೆ, ಕತ್ತಿ ಕೋಲು ಹಾಕಿ ಕೆದಕಬೇಡಿ. ಬಂದ ದಾರಿಯಲ್ಲೇ ಹಿಂದೆ ಹೋಗಿ. ಆ ಒಂದು ಮಳೆಗಾಲ ಅಷ್ಟು ಜಾಗ ಬಿಟ್ಟುಕೊಡಿ. ಹಾಗೆ ಬಿಟ್ಟುಕೊಟ್ಟ ಮನೆಗಳು ಆಗುಂಬೆ ಸುತ್ತಮುತ್ತ ಇವೆ. ಗೂಡು ತೋಟದ ಅಂಚಿನಲ್ಲೇ ಇದ್ದರೂ ಆ ಕಡೆ ಕೆಲಸ ನಿಲ್ಲಿಸಿ, ಮರಿ ಹೋಗುವ ತನಕ ಕಾದವರು. ಸರ್ಕಾರಿ ಕಾಗದಕ್ಕಾಗಿ ಅವರು ಹಾಗೆ ಮಾಡಿದ್ದಲ್ಲ.

ಹಾವುಗಳ ತಜ್ಞ ರೊಮುಲಸ್ ವಿಟೇಕರ್ ಆಗುಂಬೆಯಲ್ಲಿ ಮಳೆಕಾಡು ಸಂಶೋಧನಾ ಕೇಂದ್ರ ಶುರುಮಾಡಿದ್ದು 2005ರಲ್ಲಿ. 2008ರಿಂದ ಅಲ್ಲಿ ಕಾಳಿಂಗಗಳ ಮೈಯೊಳಗೆ ಸಣ್ಣ ರೇಡಿಯೊ ಇಟ್ಟು, ದಿನವಿಡೀ ಹಿಂದೆ ನಡೆದು, ಎಲ್ಲಿ ಹೋಗುತ್ತವೆ, ಎಲ್ಲಿ ಮಲಗುತ್ತವೆ, ಏನು ತಿನ್ನುತ್ತವೆ ಎಂದು ಬರೆದಿಟ್ಟರು. ಇಂಥ ಕೆಲಸದಿಂದ ಗೊತ್ತಾಗುವ ದೊಡ್ಡ ಸಂಗತಿ ಹಾವಿಗೂ ತನ್ನದೊಂದು ಸೀಮೆ ಇದೆ ಎಂಬುದು. ಯಾವ ಹಳ್ಳ ದಾಟಿದರೆ ನೀರು, ಯಾವ ಬಿಲ ಬೇಸಿಗೆಗೆ ತಂಪು, ಎಲ್ಲಿ ಕೇರೆ ಸಿಗುತ್ತದೆ ಎಂಬುದೆಲ್ಲ ಅದಕ್ಕೆ ಪರಿಚಯ. ಅದನ್ನು ಚೀಲಕ್ಕೆ ಹಾಕಿ ಮೂವತ್ತು ನಲವತ್ತು ಕಿಲೋಮೀಟರ್ ದೂರದ 'ದಟ್ಟ ಕಾಡಿ'ಗೆ ಬಿಟ್ಟರೆ ಆ ಪರಿಚಯವೆಲ್ಲ ಹೋಯಿತು. ಅಮೆರಿಕದಲ್ಲಿ ರ್‍ಯಾಟಲ್ ಹಾವುಗಳನ್ನು ಹೀಗೆ ಬೇರೆಡೆಗೆ ಸಾಗಿಸಿ ನೋಡಿದ ಅಧ್ಯಯನದಲ್ಲಿ, ಸಾಗಿಸಿದವು ಸ್ಥಳೀಯ ಹಾವುಗಳಿಗಿಂತ ಎಷ್ಟೋ ಹೆಚ್ಚು ಅಲೆದವು, ಹೆಚ್ಚು ಸತ್ತವು. ಅಲೆಯುವ ಹಾವು ರಸ್ತೆ ದಾಟುತ್ತದೆ, ಗೊತ್ತಿಲ್ಲದ ಮನೆಗೆ ನುಗ್ಗುತ್ತದೆ. ನಿಮ್ಮ ಊರಿನ ತೊಂದರೆ ಇನ್ನೊಂದು ಊರಿನ ತೊಂದರೆ ಆಯಿತು.

ಇದನ್ನು ನಾನು ಸ್ವಲ್ಪ ಗಟ್ಟಿಯಾಗಿಯೇ ಹೇಳುತ್ತೇನೆ: ಹಾವು ಹಿಡಿಸಿದ ಮಾತ್ರಕ್ಕೆ ಹಾವು ಉಳಿಸಿದಂತೆ ಆಗಲಿಲ್ಲ. ಹಾವು ಹಿಡಿಯುವ ನಮ್ಮ ಹುಡುಗರ ಮೇಲೆ ನನಗೆ ಗೌರವವಿದೆ. ಅವರು ಬರದೆ ಇದ್ದಿದ್ದರೆ ಎಷ್ಟೋ ಹಾವು ದೊಣ್ಣೆಗೆ ಬಲಿಯಾಗುತ್ತಿದ್ದವು. ಆದರೆ ಹಿಡಿದ ಹಾವಿನ ಬಾಲ ಎತ್ತಿ, ಹೆಡೆ ಬಿಚ್ಚಿಸಿ, ಜನರ ನಡುವೆ ಅರ್ಧ ಗಂಟೆ ತೋರಿಸುವುದು ಬೇಡ. ಕಾಳಿಂಗ ಕಚ್ಚಿದ ಸುದ್ದಿ ಬಹಳ ಅಪರೂಪ. ಕೇಳಿಬರುವ ಅಷ್ಟರಲ್ಲೂ ಹೆಚ್ಚಿನವು ಹಿಡಿಯಲು ಹೋದವರದು. ಅದರ ವಿಷಕ್ಕೆ ನಮ್ಮ ದೇಶದಲ್ಲಿ ತಯಾರಾಗುವ ಔಷಧ ನಾಟುವುದಿಲ್ಲ ಎಂಬುದನ್ನು ಆ ಹುಡುಗರ ತಾಯಂದಿರು ತಿಳಿದಿರಬೇಕು. ತೋಟದಲ್ಲಿ, ಬೇಲಿಯಲ್ಲಿ, ಮರದ ಮೇಲೆ ಕಾಳಿಂಗ ಕಂಡರೆ ಫೋನ್ ಮಾಡುವ ಅಗತ್ಯವೇ ಇಲ್ಲ, ಅದು ಹೋಗುತ್ತದೆ. ಮನೆಯೊಳಗೆ, ಬಚ್ಚಲಲ್ಲಿ, ಕೊಟ್ಟಿಗೆಯಲ್ಲಿ ಸೇರಿಕೊಂಡರೆ ಅರಣ್ಯ ಇಲಾಖೆಗೆ ತಿಳಿಸಿ, ತರಬೇತಿ ಇದ್ದವರನ್ನು ಕರೆಸಿ, ಹಿಡಿದದ್ದನ್ನು ಹತ್ತಿರದ ಕಾಡಂಚಿಗೇ ಬಿಡಿಸಿ.

ಈಗ ಕಡಿಯುವ ಹಾವುಗಳಿಗೆ ಬರೋಣ.

2000ದಿಂದ 2019ರವರೆಗಿನ ಇಪ್ಪತ್ತು ವರ್ಷಗಳಲ್ಲಿ ನಮ್ಮ ದೇಶದಲ್ಲಿ ಹಾವು ಕಚ್ಚಿ ಸತ್ತವರು ಸುಮಾರು 12 ಲಕ್ಷ ಎಂದು 2020ರಲ್ಲಿ ಪ್ರಕಟವಾದ ದೊಡ್ಡ ಅಧ್ಯಯನ ಅಂದಾಜು ಮಾಡಿತು. ವರ್ಷಕ್ಕೆ ಸರಾಸರಿ 58,000. ಒಂದು ತಾಲ್ಲೂಕು ಕೇಂದ್ರದಷ್ಟು ಜನ ವರ್ಷಾವರ್ಷ ಇಲ್ಲವಾಗುತ್ತಾರೆ. ಅವರಲ್ಲಿ ಕಾಲು ಭಾಗಕ್ಕೂ ಹೆಚ್ಚು 15 ವರ್ಷದೊಳಗಿನ ಮಕ್ಕಳು. ಅರ್ಧದಷ್ಟು ಸಾವು ಜೂನ್‌ನಿಂದ ಸೆಪ್ಟೆಂಬರ್ ಒಳಗೆ. ಹೆಚ್ಚಿನವರು ಸತ್ತದ್ದು ಹಳ್ಳಿಯಲ್ಲಿ, ಮನೆಯಲ್ಲೇ. ಆಸ್ಪತ್ರೆ ಮುಟ್ಟಿದವರ ಪಟ್ಟಿಯನ್ನಷ್ಟೇ ನೋಡಿದರೆ ಈ ಲೆಕ್ಕ ಸಿಗುವುದಿಲ್ಲ. ಮನೆಮನೆಗೆ ಹೋಗಿ ಯಾರು ಹೇಗೆ ತೀರಿಕೊಂಡರು ಎಂದು ಕೇಳಿ ತೆಗೆದ ಲೆಕ್ಕ ಇದು.

ದೇಶದಲ್ಲಿ 300ಕ್ಕೂ ಹೆಚ್ಚು ಬಗೆಯ ಹಾವುಗಳಿವೆ, ವಿಷದವು ಅದರಲ್ಲಿ ಐದನೇ ಒಂದು ಭಾಗದಷ್ಟು. ಸಾವಿನ ದೊಡ್ಡ ಪಾಲು ನಾಲ್ಕರಿಂದ: ನಾಗರ, ಕಟ್ಟುಹಾವು, ಕೊಳಕುಮಂಡಲ, ಗರಗಸಮಂಡಲ. ಗರಗಸಮಂಡಲ ಒಣ ಸೀಮೆಯದು. ಚಿತ್ರದುರ್ಗ, ಬಳ್ಳಾರಿ ಕಡೆಯ ಕಲ್ಲು ಬಯಲಿನಲ್ಲಿ ಅದರ ಚಿಂತೆ. ನಮ್ಮ ತೋಟಗಳಲ್ಲಿ ಲೆಕ್ಕಕ್ಕೆ ಬರುವುದು ಉಳಿದ ಮೂರು. ಅವುಗಳ ಜೊತೆಗೆ ಈ ಪಟ್ಟಿಯಲ್ಲೇ ಇಲ್ಲದ ಇನ್ನೊಂದಿದೆ, ಅದಕ್ಕೆ ಆಮೇಲೆ ಬರುತ್ತೇನೆ.

ಕೊಳಕುಮಂಡಲ ದಪ್ಪ ಮೈಯ, ಮೈಮೇಲೆ ಸರಪಳಿಯಂಥ ಚುಕ್ಕೆಗಳಿರುವ ಹಾವು. ಅದು ಓಡುವುದಿಲ್ಲ, ಇದ್ದಲ್ಲೇ ಇರುತ್ತದೆ. ಅದರ ಬದುಕೇ ಅಲ್ಲಾಡದೆ ಕಾಯುವುದು. ಗದ್ದೆಯ ಅಂಚಿನಲ್ಲಿ, ಉದುರಿದ ಸೋಗೆಯ ಅಡಿಯಲ್ಲಿ, ಹುಲ್ಲಿನ ಗೊಣಬೆಯ ಬುಡದಲ್ಲಿ ಮಲಗಿದ್ದರೆ ಮಣ್ಣಿಗೂ ಅದಕ್ಕೂ ವ್ಯತ್ಯಾಸ ಕಾಣುವುದಿಲ್ಲ. ಹತ್ತಿರ ಹೋದರೆ ಕುಕ್ಕರಿನ ಹಾಗೆ ಬುಸುಗುಡುತ್ತದೆ, ಆದರೆ ಮಳೆ ಸದ್ದಿನಲ್ಲಿ, ಹುಲ್ಲು ಕತ್ತರಿಸುವ ಯಂತ್ರದ ಸದ್ದಿನಲ್ಲಿ ಅದು ಕೇಳುವುದಿಲ್ಲ. ನಾಗರ, ಕೇರೆಗಳ ಹಾಗೆ ಮೊಟ್ಟೆ ಇಡದೆ ಮರಿಗಳನ್ನೇ ಈಯುತ್ತದೆ, ಒಂದು ಸಲಕ್ಕೆ ಇಪ್ಪತ್ತು, ಮೂವತ್ತು, ಕೆಲವೊಮ್ಮೆ ಇನ್ನೂ ಹೆಚ್ಚು. ಅದೂ ಬೇಸಿಗೆ ಮುಗಿದು ಮಳೆ ಹಿಡಿಯುವ ತಿಂಗಳುಗಳಲ್ಲಿ, ನಾವು ಗದ್ದೆಗೆ ಇಳಿಯುವ ಹೊತ್ತಿಗೆ ಸರಿಯಾಗಿ. ಅದರ ವಿಷ ರಕ್ತ ಹೆಪ್ಪುಗಟ್ಟುವ ಶಕ್ತಿಯನ್ನೇ ಕೆಡಿಸುತ್ತದೆ. ಒಸಡಿನಲ್ಲಿ, ಮೂತ್ರದಲ್ಲಿ ರಕ್ತ ಬರುತ್ತದೆ, ಮೂತ್ರಪಿಂಡ ಸೋಲುತ್ತದೆ. ಬದುಕಿ ಉಳಿದವರಲ್ಲೂ ಎಷ್ಟೋ ಮಂದಿ ಡಯಾಲಿಸಿಸ್‌ಗೆ ಓಡಾಡಬೇಕಾಗುತ್ತದೆ. ಕೂಲಿ ಮಾಡುವ ಮನೆಗೆ ಅದು ಇನ್ನೊಂದು ಸಾವು.

ಕಟ್ಟುಹಾವಿನ ಕಥೆ ಬೇರೆ. ಹೀಗೊಂದು ಮನೆಯನ್ನು ಮನಸ್ಸಿಗೆ ತಂದುಕೊಳ್ಳಿ. ಮಳೆಗಾಲದ ರಾತ್ರಿ, ಅಡಿಗೆ ಮನೆಯ ಪಕ್ಕ ಚಾಪೆ ಹಾಸಿ ತಾಯಿ ಮಗು ಮಲಗಿದ್ದಾರೆ. ಬೆಳಗಿನ ಜಾವ ಮಗು ಹೊಟ್ಟೆನೋವು ಎಂದು ಅಳುತ್ತದೆ. ಅಜೀರ್ಣ ಇರಬೇಕು ಎಂದು ಓಮದ ನೀರು ಕುಡಿಸುತ್ತಾರೆ. ಸ್ವಲ್ಪ ಹೊತ್ತಿಗೆ ಕಣ್ಣು ಮುಚ್ಚಿಕೊಳ್ಳುತ್ತಿದೆ, ಮಾತು ತೊದಲುತ್ತಿದೆ, ಜೊಲ್ಲು ನುಂಗಲು ಆಗುತ್ತಿಲ್ಲ. ಗಾಯ ಇಲ್ಲ, ಊತ ಇಲ್ಲ, ಹಾವನ್ನು ಯಾರೂ ನೋಡಿಲ್ಲ. ಕಟ್ಟುಹಾವಿನ ಹಲ್ಲು ಎಷ್ಟು ಸಣ್ಣದೆಂದರೆ ನಿದ್ದೆಯಲ್ಲಿದ್ದವರಿಗೆ ಕಚ್ಚಿದ್ದೇ ಗೊತ್ತಾಗದಿರಬಹುದು. ಅದು ರಾತ್ರಿ ಸಂಚಾರಿ, ನೆಲದ ಮೇಲೆ ಮಲಗಿದವರು ಮಗ್ಗುಲು ಬದಲಿಸಿದಾಗ ಕೈಗೋ ಬೆನ್ನಿಗೋ ಸಿಕ್ಕಿಬಿಡುತ್ತದೆ. ವಿಷ ನರದ ತುದಿಗಳನ್ನು ಹಾಳುಮಾಡುತ್ತದೆ, ಕೊನೆಗೆ ಉಸಿರಾಟದ ಸ್ನಾಯು ನಿಲ್ಲುತ್ತದೆ. ಔಷಧ ತಡವಾದರೆ ಹಾಳಾದ ನರವನ್ನು ಅದು ಸರಿ ಮಾಡಲಾರದು. ಆದರೆ ಯಂತ್ರದಿಂದ ಉಸಿರು ಕೊಡುತ್ತಾ ಕೆಲವು ದಿನ ಹಿಡಿದಿಟ್ಟುಕೊಂಡರೆ ನರ ಮತ್ತೆ ಚಿಗುರುತ್ತದೆ, ಮನುಷ್ಯ ಎದ್ದು ಮನೆಗೆ ನಡೆದು ಹೋಗುತ್ತಾನೆ. ಆದ್ದರಿಂದ ಇಲ್ಲಿರುವ ತಾಯಂದಿರಿಗೆ ನನ್ನದೊಂದು ಕೋರಿಕೆ: ನೆಲದ ಮೇಲೆ ಮಲಗಿದ್ದ ಮಗುವಿಗೆ ಬೆಳಗಿನ ಜಾವ ಹೊಟ್ಟೆನೋವು ಬಂದು, ಕಣ್ಣೆವೆ ಇಳಿಬಿದ್ದರೆ, ಗಾಯ ಹುಡುಕುತ್ತ ಕೂರಬೇಡಿ. ಹಾವು ಕಚ್ಚಿದೆ ಎಂದೇ ತಿಳಿದು ಹೊರಡಿ.

ಇದಕ್ಕೆ ತಡೆ ಇಷ್ಟು ಸುಲಭವೇ ಎನಿಸುವಂಥದ್ದು. ಮಂಚ, ಇಲ್ಲದಿದ್ದರೆ ಹಾಸಿಗೆಯ ಅಡಿಗೆ ಸುತ್ತಲೂ ಸಿಕ್ಕಿಸಿದ ಸೊಳ್ಳೆ ಪರದೆ. ನೇಪಾಳದ ತರಾಯಿ ಬಯಲಿನಲ್ಲಿ ನಡೆದ ಅಧ್ಯಯನದಲ್ಲಿ ಸೊಳ್ಳೆ ಪರದೆಯೊಳಗೆ ಮಲಗುವವರಿಗೆ ಹಾವು ಕಚ್ಚುವುದು ಸ್ಪಷ್ಟವಾಗಿ ಕಡಿಮೆ ಇತ್ತು. ಕೆಲವು ನೂರು ರೂಪಾಯಿಯ ಪರದೆ.

ಪಟ್ಟಿಯಲ್ಲಿಲ್ಲದ ಹಾವು ಎಂದೆನಲ್ಲ, ಅದು ಗೂನುಮೂಗಿನ ಗುಳಿಮಂಡಲ. ಒಂದು, ಒಂದೂವರೆ ಅಡಿ ಉದ್ದ. ಒಣಗಿದ ಎಲೆಯದೇ ಬಣ್ಣ, ಮೂಗಿನ ತುದಿ ಸ್ವಲ್ಪ ಮೇಲೆದ್ದಿರುತ್ತದೆ. ಕಾಫಿ ತೋಟ, ಅಡಿಕೆ ತೋಟ, ರಬ್ಬರ್ ತೋಟದ ದರಗಿನಲ್ಲಿ ಸುಮ್ಮನೆ ಸುತ್ತಿಕೊಂಡಿರುತ್ತದೆ. ಕಳೆ ಕೀಳುವ ಹೆಂಗಸರ ಬೆರಳಿಗೆ, ಬಿದ್ದ ಅಡಿಕೆ ಹೆಕ್ಕುವವರ ಕೈಗೆ ಕಚ್ಚುತ್ತದೆ. ಬಹಳ ಕಾಲ ಇದನ್ನು ಅಪಾಯದ ಹಾವೆಂದು ಯಾರೂ ಗಣಿಸಿರಲಿಲ್ಲ. ಕೇರಳದ ವೈದ್ಯರು 2007ರಲ್ಲಿ ಇದರ ಕಡಿತದಿಂದ ರಕ್ತ ಹೆಪ್ಪುಗಟ್ಟದೆ ಹೋದ, ಮೂತ್ರಪಿಂಡ ಕೆಟ್ಟ ಪ್ರಕರಣಗಳನ್ನು ಪ್ರಕಟಿಸಿದ ಮೇಲೆ ಗಮನ ಹರಿಯಿತು. ಕೆಲವರಲ್ಲಿ ಇದನ್ನು ಗರಗಸಮಂಡಲ ಎಂದೇ ತಪ್ಪಾಗಿ ತಿಳಿದು ಔಷಧ ಕೊಟ್ಟಿದ್ದರು, ಪ್ರಯೋಜನವಾಗಿರಲಿಲ್ಲ. ಈಗ ಆಸ್ಪತ್ರೆಗಳಲ್ಲಿರುವ ಔಷಧ ಇದರ ವಿಷಕ್ಕೆಂದು ಮಾಡಿದ್ದಲ್ಲ. ಎಲ್ಲ ಕಡಿತವೂ ಪ್ರಾಣಕ್ಕೆ ಬರುವುದಿಲ್ಲ, ಹೆಚ್ಚಿನವರಿಗೆ ಊತ, ನೋವು ಬಂದು ಇಳಿಯುತ್ತದೆ. ಆದರೂ ಮೂತ್ರ ಕಡಿಮೆಯಾಯಿತೇ ಎಂದು ನೋಡುತ್ತಿರಬೇಕು. ಮಲೆನಾಡಿನ ವೈದ್ಯರು, ದಾದಿಯರು ಈ ಹಾವಿನ ಮುಖವನ್ನು ಪಟದಲ್ಲಾದರೂ ಗುರುತಿಟ್ಟುಕೊಂಡಿರಬೇಕು.

ಔಷಧದ ಮಾತು ಬಂತು, ಅದು ಎಲ್ಲಿಂದ ಬರುತ್ತದೆ ಎಂದು ಹೇಳಬೇಕು. ಚೆನ್ನೈ ಹತ್ತಿರ ಇರುಳರು ಎಂಬ ಬುಡಕಟ್ಟಿನವರಿದ್ದಾರೆ. ಹಿಂದೆ ಹಾವಿನ ಚರ್ಮದ ವ್ಯಾಪಾರಕ್ಕೆ ಹಾವು ಹಿಡಿದು ಕೊಡುತ್ತಿದ್ದವರು. 1972ರ ವನ್ಯಜೀವಿ ಕಾಯ್ದೆ ಬಂದು, ಚರ್ಮದ ರಫ್ತು ನಿಂತ ಮೇಲೆ ಅವರ ಹೊಟ್ಟೆಪಾಡು ಹೋಯಿತು. 1978ರಲ್ಲಿ ಅವರದೇ ಸಹಕಾರ ಸಂಘ ಆಯಿತು. ಈಗ ಅವರು ಹಾವು ಹಿಡಿಯುತ್ತಾರೆ, ಕೆಲವು ವಾರ ಇಟ್ಟುಕೊಂಡು ವಿಷ ತೆಗೆಯುತ್ತಾರೆ, ಮತ್ತೆ ಬಿಡುತ್ತಾರೆ. ಆ ವಿಷವನ್ನು ತೀರಾ ಸಣ್ಣ ಪ್ರಮಾಣದಲ್ಲಿ ಕುದುರೆಗಳಿಗೆ ಚುಚ್ಚಿ, ಅವುಗಳ ರಕ್ತದಲ್ಲಿ ಹುಟ್ಟುವ ಪ್ರತಿವಿಷವನ್ನು ಬೇರ್ಪಡಿಸಿ ಕಂಪನಿಗಳು ಔಷಧ ಮಾಡುತ್ತವೆ. ದೇಶದ ಆಸ್ಪತ್ರೆಗಳಿಗೆ ಹೋಗುವ ಔಷಧದ ಬಹುಪಾಲು ಈ ಇರುಳರ ಕೈಯಿಂದ ಬಂದ ವಿಷದಿಂದ ತಯಾರಾದದ್ದು. ಓದು ಬರಹ ಕಂಡಿರದ ಎಷ್ಟೋ ಕುಟುಂಬಗಳ ಜಾಡು ಹಿಡಿಯುವ ವಿದ್ಯೆ ಇಷ್ಟು ಜೀವ ಕಾಯುತ್ತಿದೆ ಎಂಬುದು ಶಾಲೆಯ ಪಾಠದಲ್ಲಿ ಇರಬೇಕಾದ ವಿಷಯ. ಇದರಲ್ಲಿ ಒಂದು ಕೊರತೆಯೂ ಇದೆ. ಒಂದೇ ಜಾತಿಯ ಹಾವಿನ ವಿಷ ಊರಿನಿಂದ ಊರಿಗೆ ಬೇರೆಯಾಗುತ್ತದೆ ಎಂದು ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯ ಸಂಶೋಧಕರು ತೋರಿಸಿದ್ದಾರೆ. ತಮಿಳುನಾಡಿನ ಹಾವಿನ ವಿಷದಿಂದ ಮಾಡಿದ ಔಷಧ ಬೇರೆ ಸೀಮೆಯ ಹಾವಿಗೆ ಅಷ್ಟೇ ಚೆನ್ನಾಗಿ ಕೆಲಸ ಮಾಡದಿರಬಹುದು. ಹಾಗಂತ ಇರುವ ಔಷಧ ಬೇಡ ಎನ್ನಬೇಡಿ. ಇವತ್ತಿಗೆ ಹಾವಿನ ವಿಷಕ್ಕೆ ಇರುವ ಮದ್ದು ಅದೊಂದೇ.

ಹಾಗಾದರೆ ನಾಟಿ ಮದ್ದಿನಿಂದ ಬದುಕಿದವರಿದ್ದಾರಲ್ಲ ಎಂದು ಪ್ರತಿ ಊರಲ್ಲೂ ಕೇಳುತ್ತಾರೆ. ಇದ್ದಾರೆ, ಅದು ಸುಳ್ಳಲ್ಲ. ಯೋಚಿಸಿ ನೋಡಿ: ಕಚ್ಚುವ ಹಾವುಗಳಲ್ಲಿ ಎಷ್ಟೋ ವಿಷವಿಲ್ಲದವು. ಒಳ್ಳೆಹಾವು, ಕೇರೆ, ತೋಳಹಾವು. ವಿಷದ ಹಾವು ಕಚ್ಚಿದರೂ ಎಲ್ಲ ಸಲವೂ ವಿಷ ಬಿಡುವುದಿಲ್ಲ, ಬರಿಯ ಹಲ್ಲು ಊರಿ ಬಿಟ್ಟುಬಿಡುವುದೂ ಉಂಟು. ಇವರೆಲ್ಲ ಏನೂ ಮಾಡದಿದ್ದರೂ ಬದುಕುವವರೇ. ಅವರು ಮದ್ದು ಕುಡಿದು ಬದುಕಿದರು ಎಂದು ಊರು ನೆನಪಿಡುತ್ತದೆ. ವಿಷ ಏರಿದವರು ಉಳಿಯಲಿಲ್ಲ, ಅದನ್ನು ಹಣೆಬರಹ ಎನ್ನುತ್ತದೆ. ಮದ್ದು ಕೊಡುವ ಹಿರಿಯರು ಮೋಸಗಾರರು ಎಂದು ನಾನು ಹೇಳುತ್ತಿಲ್ಲ. ಬಹಳ ಮಂದಿ ದುಡ್ಡು ಮುಟ್ಟದೆ, ನಡುರಾತ್ರಿ ಎದ್ದು ಬಾಗಿಲು ತೆಗೆಯುವವರು. ಅವರ ಬಾಯಿಂದಲೇ 'ಮೊದಲು ಆಸ್ಪತ್ರೆಗೆ ಹೋಗಿ' ಎಂಬ ಮಾತು ಬಂದರೆ ಅದಕ್ಕಿರುವ ತೂಕ ನನ್ನ ಮಾತಿಗೆ ಬರುವುದಿಲ್ಲ. ನಿಮ್ಮೂರಿನ ಅಂಥ ಹಿರಿಯರನ್ನು ದಯವಿಟ್ಟು ಹೋಗಿ ಕೇಳಿಕೊಳ್ಳಿ.

ಕಚ್ಚಿದ ಕೂಡಲೇ ಮಾಡುವುದು ಕಡಿಮೆ, ಮಾಡದಿರುವುದು ಹೆಚ್ಚು. ಬಿಗಿಯಾಗಿ ಹಗ್ಗ ಕಟ್ಟಬೇಡಿ. ರಕ್ತ ನಿಂತು ಕೈಕಾಲೇ ಕಳೆದುಕೊಳ್ಳುವವರಿದ್ದಾರೆ, ಹಗ್ಗ ಬಿಚ್ಚಿದಾಗ ವಿಷ ಒಟ್ಟಿಗೆ ನುಗ್ಗುತ್ತದೆ. ಬ್ಲೇಡಿನಿಂದ ಕೊಯ್ಯಬೇಡಿ, ಬಾಯಿಂದ ಹೀರಬೇಡಿ. ಬಳೆ, ಉಂಗುರ, ಕಾಲುಂಗುರ ತೆಗೆಯಿರಿ, ಊದಿದ ಮೇಲೆ ಅವು ಬರುವುದಿಲ್ಲ. ಮುರಿದ ಕೈಗೆ ಪಟ್ಟಿ ಕೊಟ್ಟು ಕಟ್ಟುವ ಹಾಗೆ ಸಡಿಲವಾಗಿ ಕಟ್ಟಿ ಅಲ್ಲಾಡದಂತೆ ಇಡಿ. ನಡೆಸಬೇಡಿ, ಎತ್ತಿಕೊಂಡು ಹೋಗಿ. 108ಕ್ಕೆ ಕರೆ ಮಾಡಿ, ಬರುವುದು ತಡ ಎಂದರೆ ಸಿಕ್ಕ ಗಾಡಿ ಹತ್ತಿಸಿ. ಹಾವನ್ನು ಹುಡುಕಿ ಹೊಡೆಯಲು ಹೋಗಿ ಇನ್ನೊಬ್ಬರು ಕಚ್ಚಿಸಿಕೊಂಡದ್ದೂ ಇದೆ. ಹಾವು ಯಾವುದೆಂದು ಗೊತ್ತಾಗದಿದ್ದರೂ ವೈದ್ಯರು ಲಕ್ಷಣ ನೋಡಿಯೇ ಔಷಧ ಕೊಡುತ್ತಾರೆ.

ಇಲ್ಲಿ ಒಂದು ಸಣ್ಣ ದಾರಿ ತಪ್ಪುತ್ತೇನೆ. ಕೇರೆಯ ಹೆಸರು ಬಂದಾಗಲೆಲ್ಲ ನನಗೆ ಸಂಕಟವಾಗುತ್ತದೆ. ಬಾಲದಲ್ಲಿ ಹೊಡೆದರೆ ಅಂಗ ಕೊಳೆಯುತ್ತದೆ, ಕೊಟ್ಟಿಗೆಗೆ ಬಂದು ಹಸುವಿನ ಕೆಚ್ಚಲು ಹೀರುತ್ತದೆ, ಅದೇ ನಾಗರದ ಗಂಡು, ಹೀಗೆ ಅದರ ಮೇಲೆ ಹೊರಿಸದ ಅಪವಾದವಿಲ್ಲ. ಒಂದೂ ನಿಜವಲ್ಲ. ಅದರ ಬಾಲದಲ್ಲಿ ವಿಷವಿಲ್ಲ, ಅದರ ಬಾಯಿ ಹಾಲು ಹೀರುವಂತಿಲ್ಲ, ಅದಕ್ಕೂ ನಾಗರಕ್ಕೂ ನೆಂಟಸ್ತಿಕೆಯಿಲ್ಲ. ಎರಡು ಹಾವು ಹೆಣೆದುಕೊಂಡು ಎದ್ದು ನಿಂತದ್ದು ಕಂಡು ಪಂಚೆ ಹೊದೆಸಿ ಪುಣ್ಯ ಬಂತೆಂದುಕೊಂಡವರು ನೋಡಿದ್ದು ಬಹುತೇಕ ಎರಡು ಗಂಡು ಕೇರೆಗಳ ಜಗಳ. ಹಸಿರುಹಾವು ಹಣೆಗೆ ಹೊಡೆಯುತ್ತದೆ ಎಂಬುದೂ ಹಾಗೆಯೇ.

ಇನ್ನೂ ಒಂದು ಬಡಪಾಯಿ ಇದೆ, ಇಲ್ಲಿ ಯಾರೂ ಅದನ್ನು ಹೆಸರಿಟ್ಟು ಕರೆಯುವುದನ್ನು ನಾನು ಕೇಳಿಲ್ಲ. ಮೊದಲ ಮಳೆಯ ನಂತರ ತೋಟದ ಮಣ್ಣು ಅಗೆಯುವಾಗ ಗೇಣುದ್ದದ, ಹೊಳೆಯುವ, ಮೊಂಡು ಬಾಲದ ಹಾವು ಸಿಗುತ್ತದೆ. ಎರೆಹುಳ ತಿಂದುಕೊಂಡು ಮಣ್ಣೊಳಗೇ ಬದುಕುವ ಗುರಾಣಿಬಾಲದ ಹಾವು. ಈ ಕುಟುಂಬದ ಹಾವುಗಳು ಪ್ರಪಂಚದಲ್ಲಿ ದಕ್ಷಿಣ ಭಾರತ ಮತ್ತು ಶ್ರೀಲಂಕಾ ಬಿಟ್ಟು ಬೇರೆಲ್ಲೂ ಇಲ್ಲ. ಕೈಯಲ್ಲಿ ಹಿಡಿದರೂ ಕಚ್ಚುವುದಿಲ್ಲ, ಬಾಲವನ್ನು ಬೆರಳಿಗೆ ಒತ್ತುತ್ತದೆ ಅಷ್ಟೆ. ಅದನ್ನು ಕಟ್ಟುಹಾವಿನ ಮರಿ ಎಂದು ಗುದ್ದಲಿಯಿಂದ ಕೊಚ್ಚುತ್ತೇವೆ. ಮಳೆಯಲ್ಲಿ ಡಾಂಬರು ರಸ್ತೆಗೆ ಹತ್ತಿ ಟೈರಿಗೆ ಸಿಕ್ಕುವವೂ ಅಷ್ಟೇ ಇವೆ.

ನಾಗಾರಾಧನೆಯ ಬಗ್ಗೆಯೂ ಎರಡು ಮಾತು ಹೇಳಬೇಕು. ಕರಾವಳಿಯ ನಾಗಬನಗಳನ್ನು ನೋಡಿದವರು ಇಲ್ಲಿ ಬಹಳ ಮಂದಿ ಇರಬೇಕು, ನಿಮ್ಮ ನೆಂಟರ ಮನೆಗಳಲ್ಲೇ ಇರುತ್ತವೆ. ಸೊಪ್ಪು ಮುರಿಯಬಾರದು, ಕತ್ತಿ ಹಾಕಬಾರದು ಎಂಬ ಕಟ್ಟಳೆಯಿಂದ ಗದ್ದೆ ಬಯಲಿನ ನಡುವೆ ಕಾಡಿನ ತುಂಡುಗಳು ಉಳಿದುಕೊಂಡವು. ಅಲ್ಲಿ ದೊಡ್ಡ ಮರ, ಬಳ್ಳಿ, ಹುತ್ತ, ತಂಪು ನೆಲ ಎಲ್ಲ ಇತ್ತು. ಹಾವಿಗೆ ಮನೆಯ ಅಂಗಳಕ್ಕೆ ಬರಬೇಕಾದ ಅಗತ್ಯವೇ ಕಡಿಮೆಯಿತ್ತು. ಈಗ ಜೀರ್ಣೋದ್ಧಾರ ಎಂದು ಮರ ಕಡಿಸಿ, ಸಿಮೆಂಟು ಹಾಕಿಸಿ, ಟೈಲ್ಸ್ ಕೂರಿಸಿ, ಸುತ್ತ ಕಬ್ಬಿಣದ ಗೇಟು ಇಡುತ್ತಿದ್ದೇವೆ. ಭಕ್ತಿಯಿಂದಲೇ ಮಾಡುತ್ತಿದ್ದೇವೆ, ಅದು ನನಗೆ ಗೊತ್ತು. ಆದರೆ ಬನವೇ ಹೋದ ಮೇಲೆ ಅಲ್ಲಿದ್ದ ಹಾವು ಎಲ್ಲಿಗೆ ಹೋಗಬೇಕು? ಕಲ್ಲಿಗೆ ಎಷ್ಟು ಕಟ್ಟೆ ಬೇಕೋ ಅಷ್ಟು ಕಟ್ಟಿ, ಮಿಕ್ಕ ನೆಲವನ್ನು ಮರಕ್ಕೆ ಬಿಡಿ ಎಂದು ನಾನು ಹೋದಲ್ಲೆಲ್ಲ ಕೇಳಿಕೊಳ್ಳುತ್ತೇನೆ. ಕೆಲವು ಕಡೆ ಕೇಳಿದ್ದಾರೆ.

ನಾಗರಪಂಚಮಿಯ ದಿನ ನೆಲ ಅಗೆಯಬಾರದು, ಉಳಬಾರದು ಎಂದು ನಮ್ಮ ಹಿರಿಯರು ಇಟ್ಟುಕೊಂಡಿದ್ದರು. ಆ ದಿನ ಬರುವುದು ಶ್ರಾವಣದಲ್ಲಿ, ಹಾವು ಕಚ್ಚಿದ ಸಾವುಗಳಲ್ಲಿ ಅರ್ಧ ಆಗುವ ಆ ನಾಲ್ಕು ತಿಂಗಳ ನಟ್ಟನಡುವೆ. ಅವರು ಲೆಕ್ಕ ಹಾಕಿ ಇಟ್ಟರೆಂದು ನಾನು ಹೇಳುವುದಿಲ್ಲ. ಆದರೆ ಹಬ್ಬಕ್ಕೆ ಮನೆಯವರೆಲ್ಲ ಸೇರಿರುವಾಗ ಹಾಲೆರೆದು ಮುಗಿಸುವ ಬದಲು ಇನ್ನೊಂದು ಅರ್ಧ ಗಂಟೆ ಕೊಡಬಹುದು. ಹಾವು ಹಾಲು ಕುಡಿಯುವ ಪ್ರಾಣಿಯಲ್ಲ ಎಂಬುದು ನಿಮಗೆಲ್ಲ ಗೊತ್ತೇ ಇದೆ. ಆ ಅರ್ಧ ಗಂಟೆಯಲ್ಲಿ ಮನೆ ಸುತ್ತ ಒಂದು ಸುತ್ತು ಬನ್ನಿ. ಸೌದೆ ರಾಶಿ ಗೋಡೆಗೆ ಒರಗಿದೆಯೇ? ಹಂಚು, ಇಟ್ಟಿಗೆ ಬಾಗಿಲ ಪಕ್ಕ ಇದೆಯೇ? ಹೊಸ್ತಿಲ ಅಡಿ ಸಂದಿ ಇದೆಯೇ? ಬಚ್ಚಲ ನೀರು ಹೋಗುವ ತೂತಿಗೆ ಜಾಲರಿ ಇದೆಯೇ? ರಾತ್ರಿ ಕೊಟ್ಟಿಗೆಗೆ ಹೋಗುವ ಅಮ್ಮನ ಕೈಯಲ್ಲಿ ಬ್ಯಾಟರಿ ಇದೆಯೇ, ಕಾಲಲ್ಲಿ ಚಪ್ಪಲಿ ಇದೆಯೇ? ಕೂಲಿಗೆ ಬರುವವರಿಗೆ ಗಂಬೂಟು ಕೊಡಿಸಿದ್ದೀರಾ? ತೋಟದ ಯಜಮಾನರು ಇದ್ದೀರಿ, ಈ ಕೊನೆಯ ಪ್ರಶ್ನೆ ನಿಮಗೇ ಕೇಳುತ್ತಿದ್ದೇನೆ. ಹಾವಿನ ಎದುರು ಮೊದಲು ಕಾಲಿಡುವುದು ಯಜಮಾನರಲ್ಲ.

ಕೊನೆಯದಾಗಿ ಆಸ್ಪತ್ರೆ. ವಿಶ್ವ ಆರೋಗ್ಯ ಸಂಸ್ಥೆ 2017ರಲ್ಲಿ ಹಾವಿನ ಕಡಿತವನ್ನು ಕಡೆಗಣಿಸಲ್ಪಟ್ಟ ಉಷ್ಣವಲಯದ ಕಾಯಿಲೆಗಳ ಮೇಲಿನ ಸಾಲಿಗೆ ಸೇರಿಸಿತು. 2024ರಲ್ಲಿ ಕೇಂದ್ರ ಸರ್ಕಾರ ಕ್ರಿಯಾ ಯೋಜನೆ ತಂದಿತು, 2030ರೊಳಗೆ ಸಾವನ್ನು ಅರ್ಧಕ್ಕೆ ಇಳಿಸುವ ಗುರಿ ಅದರದು. ಅದೇ ವರ್ಷ ನಮ್ಮ ರಾಜ್ಯ ಹಾವಿನ ಕಡಿತವನ್ನು ಕಡ್ಡಾಯವಾಗಿ ವರದಿ ಮಾಡಬೇಕಾದದ್ದು ಎಂದು ಘೋಷಿಸಿತು. ಸರ್ಕಾರಿ ಆಸ್ಪತ್ರೆಯಿರಲಿ ಖಾಸಗಿಯಿರಲಿ, ಕಚ್ಚಿಸಿಕೊಂಡು ಬಂದವರ ಲೆಕ್ಕ ಕೊಡಲೇಬೇಕು. ಇದು ಒಳ್ಳೆಯ ಕೆಲಸ. ಎಲ್ಲಿ ಎಷ್ಟು ಕಡಿತ ಎಂದು ಗೊತ್ತಾದರೆ ತಾನೆ ಎಲ್ಲಿಗೆ ಎಷ್ಟು ಔಷಧ ಎಂದು ಗೊತ್ತಾಗುವುದು.

ಆದರೆ ಕಾಗದ ನಿಮ್ಮೂರಿಗೆ ತಲುಪಿದೆಯೇ ಎಂದು ನೋಡಬೇಕಾದವರು ನೀವು. ಮುಂದಿನ ಗ್ರಾಮಸಭೆಗೆ ಆರೋಗ್ಯ ಕೇಂದ್ರದವರನ್ನು ಕರೆಸಿ ಕೇಳಿ. ಔಷಧ ದಾಸ್ತಾನು ಎಷ್ಟಿದೆ? ಶುರುವಿಗೇ ಎಂಟು ಹತ್ತು ಬಾಟಲಿ ಬೇಕಾಗುತ್ತದೆ, ಎರಡು ಮೂರು ಇಟ್ಟುಕೊಂಡರೆ ಆಗುವುದಿಲ್ಲ. ಮಗುವಿಗೂ ಅಷ್ಟೇ ಬೇಕು, ಏಕೆಂದರೆ ಮಗು ಚಿಕ್ಕದೆಂದು ಹಾವು ವಿಷ ಕಡಿಮೆ ಬಿಡುವುದಿಲ್ಲ. ಇಪ್ಪತ್ತು ನಿಮಿಷದ ರಕ್ತ ಪರೀಕ್ಷೆ ಮಾಡುತ್ತಾರೆಯೇ? ಅದಕ್ಕೆ ಬೇಕಾದದ್ದು ಒಂದು ಒಣ ಗಾಜಿನ ನಳಿಕೆ, ಎರಡು ಮಿಲಿಲೀಟರ್ ರಕ್ತ ಮತ್ತು ಗಡಿಯಾರ. ಇಪ್ಪತ್ತು ನಿಮಿಷ ಅಲ್ಲಾಡಿಸದೆ ಇಟ್ಟು ಓರೆ ಮಾಡಿದಾಗ ರಕ್ತ ಹೆಪ್ಪುಗಟ್ಟದೆ ಹರಿದರೆ ಮಂಡಲದ ವಿಷ ಏರಿದೆ ಎಂದು ಅರ್ಥ. ಔಷಧ ಮೈಗೆ ಒಗ್ಗದೆ ಅಲರ್ಜಿಯಾದರೆ ಕೊಡುವ ಅಡ್ರಿನಲಿನ್ ಕೈಗೆಟಕುವಲ್ಲಿ ಇದೆಯೇ? ರಾತ್ರಿ ಪಾಳಿಯಲ್ಲಿ ಯಾರಿರುತ್ತಾರೆ? ಉತ್ತರ ಸಿಕ್ಕ ಮೇಲೆ ಒಂದು ಹಾಳೆಯಲ್ಲಿ ಬರೆಯಿರಿ. ಯಾವ ಆಸ್ಪತ್ರೆಯಲ್ಲಿ ಔಷಧ, ಎಲ್ಲಿ ಉಸಿರಾಟದ ಯಂತ್ರ, ಎಲ್ಲಿ ಡಯಾಲಿಸಿಸ್, ನಡುರಾತ್ರಿ ಗಾಡಿ ತೆಗೆಯಲು ಒಪ್ಪಿರುವವರು ಯಾರು, ಅವರ ಫೋನ್ ನಂಬರ್ ಏನು. ಹಾಲಿನ ಡೈರಿಯ ಗೋಡೆಗೆ, ಅಂಗನವಾಡಿಯ ಬಾಗಿಲಿಗೆ, ಬಸ್ ನಿಲ್ದಾಣದ ಕಂಬಕ್ಕೆ ಅದನ್ನು ಮಳೆ ಹಿಡಿಯುವ ಮೊದಲೇ ಅಂಟಿಸಿಬಿಡಿ.